ಹಗ್ಗ ಹಿಡಿದ ಕೈ

ಗ್ರೌಹಾಗನ್ ಎಂಬ ಊರೊಂದಿದೆ ಎಂದು ವಿಜಯಶ್ರೀಗೆ ಗೊತ್ತಾದದ್ದೇ ಕೆಲಸ ಹೋದ ಮೇಲೆ. ಗದಗ ಬೆಟಗೇರಿಯ ಹುಡುಗಿ. ಹುಬ್ಬಳ್ಳಿಯಲ್ಲಿ ಇಂಜಿನಿಯರಿಂಗ್ ಮುಗಿಸಿ, ಎರಡು ಸಾವಿರದ ಒಂದನೇ ಇಸವಿಯಲ್ಲಿ, ಕಂಪ್ಯೂಟರ್ ಕಲಿತವರಿಗೆಂದು ಆಗ ಜರ್ಮನಿ ಕೊಡುತ್ತಿದ್ದ ಗ್ರೀನ್ ಕಾರ್ಡ್ ಮೇಲೆ, ಅಲ್ಲಿಗೆ ಬಂದು, ಫ್ರಾಂಕ್‌ಫರ್ಟ್ ಪಕ್ಕದ ಎಷ್‌ಬಾರ್ನಿನಲ್ಲಿ ಒಂದು ಕನ್ಸಲ್ಟೆನ್ಸಿ ಸೇರಿದ್ದಳು. ಬೇರೆಯವರು ಬರೆದ ಪ್ರೋಗ್ರಾಮಿನಲ್ಲಿ ತಪ್ಪು ಹುಡುಕುವುದು ಅವಳ ಕೆಲಸ. ಎಲ್ಲ ಸರಿಯಾಗಿದೆ ಎಂದು ಯಾರಾದರೂ ಹೇಳಿದರೆ ಅಲ್ಲಿಂದಲೇ ಅವಳ ಅನುಮಾನ ಶುರುವಾಗುತ್ತಿತ್ತು. ವರ್ಷ ತುಂಬುವಷ್ಟರಲ್ಲಿ ಕಂಪನಿ ಆ ವಿಭಾಗವನ್ನೇ ಮುಚ್ಚಿತು. ವೀಸಾ ನೋಡಿಕೊಳ್ಳುವ ಆಸ್‌ಲೆಂಡರ್‌ಆಮ್ಟ್‌ನವರು ಬೇರೆ ಕೆಲಸ ಹುಡುಕಿಕೊಳ್ಳಲು ಮೂರು ತಿಂಗಳು ಕೊಟ್ಟರು. ಅದರಲ್ಲಿ ಎಂಬತ್ತು ದಿನ ಕಳೆದ ಮೇಲೆ ಸಿಕ್ಕಿದ್ದು ಬಾಲ್ಟಿಕ್ ಕಡಲ ದಂಡೆಯ ಈ ಹಳ್ಳಿಯ ಕೆಲಸ.

ಹಳ್ಳಿ ಎಂದರೆ ಇನ್ನೂರು ಮನೆ, ಕೆಂಪು ಇಟ್ಟಿಗೆಯ ಒಂದು ಚರ್ಚು, ಹೊಗೆಯಲ್ಲಿ ಬೇಯಿಸಿದ ಮೀನು ಮಾರುವ ನಾಲ್ಕು ಅಂಗಡಿ. ಬಂದರಿನ ಪಕ್ಕದಲ್ಲಿ ಪಾಳುಬಿದ್ದಿದ್ದ ಐಸ್ ಕಾರ್ಖಾನೆಯನ್ನು ಫ್ರೌ ಲ್ಯೂಬ್ಕೆ ಎಂಬ ಮಹಿಳೆಯೊಬ್ಬರು ಕೊಂಡು, ಒಳಗೆ ಒಂಬತ್ತು ಮೀಟರ್ ಆಳದ ಉಪ್ಪುನೀರಿನ ಕೊಳ ಕಟ್ಟಿಸಿ, ಒಂದು ಬದಿಗೆ ಗಾಜಿನ ಗೋಡೆ ಹಾಕಿಸಿ, ಪೆರ್ಲೆನ್‌ಹೌಸ್, ಅಂದರೆ ಮುತ್ತಿನ ಮನೆ, ಎಂದು ಹೆಸರಿಟ್ಟಿದ್ದರು. ಜಪಾನಿನ ಶಿಮಾ ಎಂಬ ಕಡಲ ಸೀಮೆಯಿಂದ ಮುತ್ತಿನ ಚಿಪ್ಪು ಹೆಕ್ಕುವ ಹೆಂಗಸರನ್ನು ಕರೆಸಿದ್ದರು. ಬಿಳಿ ಬಟ್ಟೆ ಉಟ್ಟು, ತಲೆಗೆ ಬಿಳಿ ವಸ್ತ್ರ ಕಟ್ಟಿ, ಉಸಿರು ಬಿಗಿಹಿಡಿದು ಅವರು ತಳಕ್ಕೆ ಇಳಿಯುವುದನ್ನು ಪ್ರವಾಸಿಗರು ಗಾಜಿನ ಈಚೆ ನಿಂತು ನೋಡುತ್ತಿದ್ದರು. ಬೆಳಿಗ್ಗೆ ತಳದಲ್ಲಿ ಇಟ್ಟ ಚಿಪ್ಪುಗಳನ್ನೇ ಮಧ್ಯಾಹ್ನ ಹೆಕ್ಕುತ್ತಾರೆ ಎಂಬುದು ನೋಡುವವರಿಗೂ ಗೊತ್ತಿತ್ತು. ಆದರೂ ಬೇಸಿಗೆಯಿಡೀ ಬರುತ್ತಿದ್ದರು.

ಕೊಳದ ನೀರು ಬೆಚ್ಚಗಿರಬೇಕು, ಪಂಪು ನಿಲ್ಲಬಾರದು, ಟಿಕೆಟ್ ಕಂಪ್ಯೂಟರ್ ಕೈಕೊಡಬಾರದು. ಈ ಮೂರೂ ವಿಜಯಶ್ರೀಯ ಹೊಣೆ. ಜೊತೆಗೆ ಗಾಜಿನ ಗೋಡೆಯ ಮೇಲೆ ಒಂದು ದೊಡ್ಡ ಗಡಿಯಾರವಿತ್ತು. ಹೆಂಗಸು ಮುಳುಗಿದ ಕ್ಷಣ ಅದು ಸೆಕೆಂಡು ಎಣಿಸಲು ತೊಡಗಿ, ತಲೆ ಹೊರಗೆ ಬಂದ ಕೂಡಲೇ ನಿಲ್ಲುತ್ತಿತ್ತು. ಎಣಿಕೆ ಪ್ರತಿಸಲವೂ ಅವಳ ಕಂಪ್ಯೂಟರಿನಲ್ಲಿ ಉಳಿಯುತ್ತಿತ್ತು.

ಮುಳುಗುವವರು ಇಬ್ಬರು. ಇಪ್ಪತ್ತಾರರ ಸಾಯೊ ಒಬ್ಬಳು, ನಲವತ್ತನಾಲ್ಕರ ಯೋಶಿನೊ ಇನ್ನೊಬ್ಬಳು. ಮುಳುಗುವವಳ ನಡುವಿಗೆ ಒಂದು ಹಗ್ಗ. ಅದರ ತುದಿ ಮೇಲೆ ಸಣ್ಣ ದೋಣಿಯಲ್ಲಿ ಕೂತವನ ಕೈಯಲ್ಲಿ. ಉಸಿರು ಸಾಕಾಯಿತು ಎನ್ನಿಸಿದಾಗ ಅವಳು ಕೆಳಗಿನಿಂದ ಎರಡು ಸಲ ಮೆಲ್ಲಗೆ ಜಗ್ಗುತ್ತಾಳೆ, ಅವನು ಎಳೆದುಕೊಳ್ಳುತ್ತಾನೆ. ಸಾಯೊಳ ಹಗ್ಗ ಹಿಡಿಯುತ್ತಿದ್ದವನು ಡಿರ್ಕ್ ಎಂಬ ಊರಿನ ಮುದಿ ಮೀನುಗಾರ. ಯೋಶಿನೊಳ ಹಗ್ಗ ಹಿಡಿಯುತ್ತಿದ್ದವನು ಅವಳ ಗಂಡ ಶಿಗೆರು.

ನಾಲ್ವರಿಗೂ ಬಂದರಿನ ಹಿಂದಿನ ಒಂದೇ ಮನೆಯಲ್ಲಿ ಬಿಡಾರ: ಕೆಳಗೆ ಗಂಡಹೆಂಡತಿ, ಮೇಲೆ ವಿಜಯಶ್ರೀ ಮತ್ತು ಸಾಯೊ. ಜಪಾನಿನವರು ಬಂದು ಮೂರು ವರ್ಷವಾಗಿತ್ತು. ಕೆಲಸಕ್ಕೆ ಬೇಕಾದಷ್ಟು ಜರ್ಮನ್ ಆಡುತ್ತಿದ್ದರು. ವಿಜಯಶ್ರೀಯ ಜರ್ಮನ್ ಕೂಡ ಅಷ್ಟಕ್ಕಷ್ಟೆ. ಆದ್ದರಿಂದ ಮಾತು ನಿಧಾನ, ಸಣ್ಣ ಸಣ್ಣ ವಾಕ್ಯ, ಯಾರ ತಪ್ಪಿಗೂ ಯಾರೂ ನಗುತ್ತಿರಲಿಲ್ಲ. ಅವರ ಬಾಯಲ್ಲಿ ‘ವಿ’ ಹೊರಳದೆ, ಕೊನೆಗೆ ಗೌರವದ ‘ಸಾನ್’ ಸೇರಿ, ಅವಳು ಬಿಜಯ-ಸಾನ್ ಆಗಿದ್ದಳು. ಯೋಶಿನೊ ದಿನಾ ಮಧ್ಯಾಹ್ನ ಅನ್ನ, ಮೀನಿಲ್ಲದ ಒಂದು ಸಾರು, ಉಪ್ಪಿನಲ್ಲಿ ಹಾಕಿದ ಮೂಲಂಗಿ, ಇಷ್ಟನ್ನು ಅವಳಿಗೆಂದು ಬೇರೆ ಡಬ್ಬಿಯಲ್ಲಿ ಇಡುತ್ತಿದ್ದಳು.

ಆ ಗಂಡಹೆಂಡತಿಯ ಹಳೆಯ ಕತೆಯನ್ನು ಹೇಳಿದವಳು ಸಾಯೊ. ಅವಳೂ ಅದೇ ಊರಿನವಳು. ಅವರ ಊರಿನಲ್ಲಿ ಹಗ್ಗ ಯಾರ ಕೈಗೆ ಕೊಡಬೇಕೆಂದು ತೀರ್ಮಾನಿಸುವವಳು ಮುಳುಗುವ ಹೆಂಗಸೇ. ಇಪ್ಪತ್ತರ ಯೋಶಿನೊಗೆ ದೋಣಿಗಳ ಯಜಮಾನನ ಮಗನ ಜೊತೆ ಮದುವೆಯ ಮಾತು ಮುಗಿದಿತ್ತಂತೆ. ಅಷ್ಟರಲ್ಲಿ ಬೆಟ್ಟದ ಕಡೆಯಿಂದ ಮರ ಕೊಯ್ಯುವ ಕೆಲಸಕ್ಕೆಂದು ಬಂದ ಶಿಗೆರುವನ್ನು ಅವಳು ಮೆಚ್ಚಿಕೊಂಡಳು. ಈಜು ಬಾರದವ, ದೋಣಿಯಲ್ಲಿ ಕೂತರೆ ವಾಂತಿ ಮಾಡಿಕೊಳ್ಳುವವ. ಒಂದು ಬೆಳಿಗ್ಗೆ ದಂಡೆಯ ಮೇಲೆ ಎಲ್ಲರ ಎದುರು ಅವಳು ತನ್ನ ಹಗ್ಗವನ್ನು ತಂದು ಅವನ ಕೈಗೆ ಕೊಟ್ಟುಬಿಟ್ಟಳು. ಆ ಇಡೀ ವರ್ಷ ಊರಿನ ಹೆಂಗಸರು ತಮ್ಮ ಕೆಲಸ ನಿಲ್ಲಿಸಿ ಅವನ ಕೈಯನ್ನೇ ಕಾಯುತ್ತಿದ್ದರಂತೆ, ಇವನು ಯಾವಾಗ ಹಗ್ಗ ಬಿಡುತ್ತಾನೋ ಎಂದು.

“ಬಿಡಲಿಲ್ಲವಲ್ಲ,” ಎಂದಳು ವಿಜಯಶ್ರೀ.

ಸಾಯೊ ಭುಜ ಕುಣಿಸಿ, ನಮ್ಮಮ್ಮ ಈಗಲೂ ಅವನನ್ನು ನಂಬುವುದಿಲ್ಲ ಎಂದಳು. ಹೊರಗಿನವನು ಮುತ್ತಿನವಳನ್ನು ಕಟ್ಟಿಕೊಳ್ಳುವುದು ಮುತ್ತಿಗಾಗಿಯೇ ಎಂದು ಅಮ್ಮ ಹೇಳುತ್ತಿದ್ದಳಂತೆ. ಆ ಮಾತು ವಿಜಯಶ್ರೀಯ ಕಿವಿಯಲ್ಲಿ ಉಳಿಯಿತು.

ಅವಳದೂ ಒಂದು ಮದುವೆ ಗೊತ್ತಾಗಿತ್ತು. ಧಾರವಾಡದ ಶೈಲೇಶ ದಕ್ಷಿಣ ಜರ್ಮನಿಯ ಬೊಬ್ಲಿಂಗೆನ್ನಿನ ಒಂದು ಕಾರು ಕಂಪನಿಯಲ್ಲಿ ಇಂಜಿನಿಯರ್. ಎರಡೂ ಮನೆಯವರು ಒಪ್ಪಿ ನಿಶ್ಚಯ ಮುಗಿಸಿದ್ದರು. ಮದುವೆ ಬರುವ ಡಿಸೆಂಬರಿನಲ್ಲಿ. ಅವನು ದಿನಾ ಸಂಜೆ ಏಳಕ್ಕೆ ಫೋನ್ ಮಾಡುತ್ತಿದ್ದ. ಮೊದಮೊದಲು ಅವಳಿಗೆ ಆ ಹೊತ್ತು ಯಾವಾಗ ಬಂದೀತೋ ಎನ್ನಿಸುತ್ತಿತ್ತು. ಕಡಲ ಹಳ್ಳಿಗೆ ಬಂದ ಮೇಲೆ ಅವನ ಮಾತಿನ ಧಾಟಿ ಬದಲಾಯಿತು. ಮನೆಯಲ್ಲಿ ಯಾರು ಯಾರಿದ್ದಾರೆ, ಬಾಗಿಲಿಗೆ ಬೇರೆ ಬೇರೆ ಕೀಲಿ ಇದೆಯೇ, ಪಂಪಿನ ಕೋಣೆಯಲ್ಲಿ ಫೋನ್ ಯಾಕೆ ಸಿಗುವುದಿಲ್ಲ. ಕಾಳಜಿಯಿಂದ ಕೇಳುತ್ತಾನೆ ಎಂದುಕೊಂಡು ಅವಳು ಎಲ್ಲಕ್ಕೂ ಉತ್ತರ ಕೊಡುತ್ತಿದ್ದಳು.

ಜುಲೈ ಮೊದಲ ವಾರ ಅವಳು ಗಡಿಯಾರದ ಎಣಿಕೆಗಳನ್ನು ಸುಮ್ಮನೆ ತೆರೆದು ನೋಡಿದಳು. ಗಡಿಯಾರ ನಿಧಾನವಾಗಿದೆಯೋ ಎಂದು ಪರೀಕ್ಷಿಸಲು, ಅಷ್ಟೆ. ಸಾಯೊಳ ಎಣಿಕೆ ಮೇ ತಿಂಗಳಿನಿಂದಲೂ ಐವತ್ತರ ಆಸುಪಾಸಿನಲ್ಲೇ ಇತ್ತು. ಯೋಶಿನೊಳದು ಮೇನಲ್ಲಿ ಐವತ್ತೆರಡು, ಜೂನ್ ನಡುವೆ ಐವತ್ತೇಳು, ಈಗ ಅರವತ್ತು. ಗಡಿಯಾರ ಒಂದೇ, ಕೊಳ ಒಂದೇ. ಬೇರೆಯದು ಹಗ್ಗ ಹಿಡಿದ ಕೈ ಮಾತ್ರ.

ಮರುದಿನ ಅವಳು ಗಾಜಿನ ಮುಂದೆ ಜನರ ನಡುವೆ ನಿಂತು ನೋಡಿದಳು. ಯೋಶಿನೊ ತಳದಲ್ಲಿ ಮೂರು ಚಿಪ್ಪು ಹೆಕ್ಕಿ, ಎರಡು ಸಲ ಹಗ್ಗ ಜಗ್ಗಿದಳು. ಹಗ್ಗ ಅಲುಗಲಿಲ್ಲ. ವಿಜಯಶ್ರೀ ಮನಸ್ಸಿನಲ್ಲೇ ಎಣಿಸಿದಳು, ಒಂದು, ಎರಡು, ಮೂರು, ನಾಲ್ಕು. ಯೋಶಿನೊ ಮತ್ತೊಮ್ಮೆ ಜೋರಾಗಿ ಜಗ್ಗಿದ ಮೇಲೆ ಹಗ್ಗ ಬಿಗಿಯಾಯಿತು. ಮೇಲೆ ದೋಣಿಯಲ್ಲಿ ಶಿಗೆರು ಎಂದಿನಂತೆ ನೆಟ್ಟಗೆ ಕೂತಿದ್ದ. ಅವನ ಮುಖದಲ್ಲಿ ಏನೂ ಇರಲಿಲ್ಲ. ಹೆಂಡತಿ ಕೆಳಗಿರುವಾಗ ಒಬ್ಬ ಮನುಷ್ಯನ ಮುಖ ಅಷ್ಟು ಖಾಲಿ ಹೇಗಿರುತ್ತದೆ ಎಂಬುದು ಅವಳಿಗೆ ತಿಳಿಯಲಿಲ್ಲ.

ಇದಾದ ಮೂರನೆಯ ದಿನ ಶಿಗೆರುವೇ ಪಂಪಿನ ಕೋಣೆಗೆ ಬಂದ. ಬಾಗಿಲು ಮುಂದೆ ಮಾಡಿ, ಒಳಗೆ ಯಾರೂ ಇಲ್ಲವೆಂದು ಖಾತ್ರಿ ಮಾಡಿಕೊಂಡು, ಕೈಗಳನ್ನು ಅಂಗಿಯ ಜೇಬಿನಲ್ಲಿಟ್ಟುಕೊಂಡೇ ನಿಂತ. ಮೊದಲು ಕೇಳಿದ್ದು ಗಡಿಯಾರದ ವಿಷಯ: ಆ ಸಂಖ್ಯೆಗಳು ಎಲ್ಲಿ ಉಳಿಯುತ್ತವೆ, ಯಾರು ನೋಡುತ್ತಾರೆ? ತಾನೊಬ್ಬಳೇ ಎಂದಳು ವಿಜಯಶ್ರೀ. ಹೇಳಿದ ಮೇಲೆ ಹೇಳಬಾರದಿತ್ತು ಎನ್ನಿಸಿತು. ಆಮೇಲೆ ಅವನು ಬಹಳ ಹೊತ್ತು ಪದ ಹುಡುಕಿ ಇನ್ನೊಂದು ಪ್ರಶ್ನೆ ಕೇಳಿದ. ಕೆಳಗಿನಿಂದ ಹಗ್ಗ ಜಗ್ಗಿದ್ದು ಒಂದು ಯಂತ್ರಕ್ಕೆ ಗೊತ್ತಾಗುವಂತೆ ಮಾಡಬಹುದೇ? ಗೊತ್ತಾದಾಗ ದೋಣಿಯಲ್ಲಿ ಒಂದು ಸಣ್ಣ ದೀಪ ಹೊತ್ತಿಕೊಳ್ಳುವ ಹಾಗೆ?

“ಯಾಕೆ?” ಎಂದು ಕೇಳಿದಳು.

“ಬೇಕು,” ಎಂದ. “ಯೋಶಿನೊಗೆ ಹೇಳಬೇಡಿ. ದಯವಿಟ್ಟು,” ಎಂದು ನಡು ಬಗ್ಗಿಸಿ ನಿಂತುಕೊಂಡ.

ಅವಳು ನೋಡುತ್ತೇನೆ ಎಂದಳು. ಹೇಳುವುದಿಲ್ಲ ಎಂದೂ ಮಾತು ಕೊಟ್ಟಳು. ಅವನು ನೇರವಾಗಿ ನಿಲ್ಲಲಿ ಎಂದಷ್ಟೇ ಆ ಮಾತು ಕೊಟ್ಟದ್ದು. ಅವನು ಹೋದ ಮೇಲೆ ತಲೆ ತುಂಬ ಪ್ರಶ್ನೆಗಳು. ಹಗ್ಗ ಕೈಯಲ್ಲೇ ಇರುವವನಿಗೆ ದೀಪ ಯಾಕೆ? ತಡವಾಗಿ ಎಳೆದದ್ದು ಯಂತ್ರದ ತಪ್ಪು ಎಂದು ನಾಳೆ ಹೇಳುವುದಕ್ಕೋ? ಸಂಖ್ಯೆ ಯಾರು ನೋಡುತ್ತಾರೆ ಎಂದು ಕೇಳಿದ್ದು ಯಾಕೆ? ಸಾಯೊಳ ಅಮ್ಮನ ಮಾತು ನೆನಪಿಗೆ ಬಂತು. ಸಾಯೊ ಮತ್ತು ಇವನ ನಡುವೆ ಏನಾದರೂ ಇದೆಯೇ ಎಂದೂ ಒಂದು ಸಲ ಯೋಚಿಸಿದಳು. ಆವತ್ತಿನಿಂದ ಇಬ್ಬರೂ ಅಡುಗೆಮನೆಯಲ್ಲಿ ಸಿಕ್ಕಾಗ ಅವರ ಕಣ್ಣು ಎಲ್ಲಿ ಹೋಗುತ್ತದೆ ಎಂದು ಗಮನಿಸತೊಡಗಿದಳು. ಏನೂ ಕಾಣಲಿಲ್ಲ. ಕಾಣದ್ದರಿಂದ ಸಮಾಧಾನವೂ ಆಗಲಿಲ್ಲ.

ಶಿಗೆರು ಆಮೇಲೆ ನಾಲ್ಕು ಸಲ ಬಂದ, ಯೋಶಿನೊ ಅಂಗಡಿಗೆ ಹೋದ ಹೊತ್ತು ನೋಡಿಕೊಂಡು. ದೀಪ ಎಲ್ಲಿಗೆ ಬಂತು ಎಂದು ಕೇಳುವನು. ಕೊಳದ ಉಪ್ಪು ತೂಗುವ ತಕ್ಕಡಿಯಿಂದ ಭಾರ ಅಳೆಯುವ ಬಿಡಿಭಾಗ ತೆಗೆದು, ದೋಣಿಯ ಅಂಚಿನಲ್ಲಿ ಹಗ್ಗ ಹಾಯುವ ಗಾಲಿಗೆ ಕೂಡಿಸಿದರೆ ಆದೀತು ಎಂದು ಅವಳು ಲೆಕ್ಕ ಹಾಕಿಟ್ಟಿದ್ದಳು. ಆದರೆ ಬೇಕೆಂದೇ ತಡ ಮಾಡುತ್ತಿದ್ದಳು. ಇವನ ಮನಸ್ಸಿನಲ್ಲಿ ಏನಿದೆ ಎಂದು ತಿಳಿಯದೆ ಕೈಗೆ ಏನನ್ನೂ ಕೊಡಬಾರದು ಎಂಬುದು ಅವಳ ಎಣಿಕೆ.

ಆ ವಾರವೇ ಮಧ್ಯಾಹ್ನದ ಡಬ್ಬಿ ನಿಂತಿತು. ಮೊದಲ ದಿನ ಮರೆತಿರಬೇಕು ಎಂದುಕೊಂಡಳು. ಎರಡನೆಯ ದಿನ ಮೂಲಂಗಿ ಮೇಜಿನ ಮೇಲೆಯೇ ಇತ್ತು, ಅವಳ ಡಬ್ಬಿ ಮಾತ್ರ ತೊಳೆದು ಬೋರಲು ಹಾಕಿತ್ತು. ಯೋಶಿನೊ ನಗುವುದನ್ನು ಬಿಟ್ಟಿರಲಿಲ್ಲ, ಆದರೆ ಆ ನಗು ಟಿಕೆಟ್ ಕೊಂಡವರಿಗೆ ಕೊಡುವ ನಗು. ಬಟ್ಟೆ ಒಣಹಾಕುವಾಗ ಒಮ್ಮೆ ಸಿಕ್ಕಳು. ಕೈಯಲ್ಲಿ ತಲೆಗೆ ಕಟ್ಟುವ ಬಿಳಿ ವಸ್ತ್ರ. ಅದರ ಮೂಲೆಯಲ್ಲಿ ಕಡಲ ಕೇಡು ತಟ್ಟದಿರಲಿ ಎಂದು ನೀಲಿ ದಾರದಲ್ಲಿ ಹೊಲಿದ ನಕ್ಷತ್ರ.

“ಪಂಪಿನ ಕೋಣೆ ಬೆಚ್ಚಗಿರುತ್ತದೆಯೇ, ಬಿಜಯ-ಸಾನ್?” ಎಂದು ಕೇಳಿದಳು.

ಯಂತ್ರ ಓಡುತ್ತದಲ್ಲ, ಬೆಚ್ಚಗಿರುತ್ತದೆ ಎಂದಳು ವಿಜಯಶ್ರೀ. ಯೋಶಿನೊ ತಲೆಯಾಡಿಸಿ, ವಸ್ತ್ರವನ್ನು ಇನ್ನೊಮ್ಮೆ ಒದರಿ ತಂತಿಗೆ ಹಾಕಿದಳು. ತನ್ನ ಮೇಲೆಯೇ ಸಂಶಯ ಬಂದಿದೆ ಎಂದು ವಿಜಯಶ್ರೀಗೆ ತಿಳಿದದ್ದು ಆಗಲೇ. ನಾಚಿಕೆ, ಸಿಟ್ಟು ಎರಡೂ ಒಟ್ಟಿಗೆ ಬಂದವು. ನಿಜ ಹೇಳಿಬಿಟ್ಟರೆ ಸಾಕಿತ್ತು. ಆದರೆ ಕೊಟ್ಟ ಮಾತಿತ್ತು. ಅದಕ್ಕಿಂತ ಹೆಚ್ಚಾಗಿ, ನಿಜ ಏನೆಂದು ಅವಳಿಗೇ ಗೊತ್ತಿರಲಿಲ್ಲ.

ಶೈಲೇಶನ ಫೋನಿನಲ್ಲಿ ಅವಳು ಆದಷ್ಟು ಹಗುರವಾಗಿ ಈ ಮನೆಯ ಸುದ್ದಿ ಹೇಳುತ್ತಿದ್ದಳು, ದೀಪದ ವಿಷಯ ಬಿಟ್ಟು. ಒಂದು ಸಂಜೆ ಅವನು ನಡುವೆಯೇ ತಡೆದ.

“ಆ ಜಪಾನಿ ಮನಷ್ಯಾನ ಹೆಸರು ಇವತ್ತ ಮೂರ್ ಸಲ ಹೇಳಿದಿ.”

“ಒಂದ ಮನಿಯಾಗ ಅದೀವಿ. ಹೆಸರು ಹೇಳದ ಹೆಂಗ ಮಾತಾಡ್ಲಿ?”

“ಹಂಗಲ್ಲ. ನಿನ್ನ ಇಮೇಲ್ ಪಾಸ್‌ವರ್ಡ್ ನನಗ ಕೊಟ್ಟಿರು. ನಂದೂ ನಿನಗ ಕೊಡ್ತೀನಿ. ಮುಚ್ಚಿಡೂದೇನೈತಿ ನಮ್ಮಿಬ್ಬರ ನಡುವ?”

ಮುಚ್ಚಿಡುವುದು ಇತ್ತು, ಅದೇ ಅವಳಿಗೆ ಚುಚ್ಚಿತು. ನೋಡೋಣ ಎಂದು ಫೋನ್ ಇಟ್ಟಳು. ಕಿಟಕಿಯ ಕೆಳಗೆ ಶಿಗೆರು ಬಾಗಿಲ ಮೆಟ್ಟಿಲ ಮೇಲೆ ಕೂತು ಅಂಗಿಯ ಗುಂಡಿ ಹಾಕಿಕೊಳ್ಳುತ್ತಿದ್ದ. ಒಂದು ಗುಂಡಿಗೆ ಬಹಳ ಹೊತ್ತು ತೆಗೆದುಕೊಂಡ. ಅದನ್ನು ಅವಳು ನೋಡಿದಳು, ಆದರೆ ಅದರಲ್ಲಿ ಏನಿದೆ ಎಂದು ಯೋಚಿಸಲಿಲ್ಲ; ಯಾರನ್ನು ಕಾಯುತ್ತಾ ಕೂತಿದ್ದಾನೆ ಎಂದಷ್ಟೇ ಯೋಚಿಸಿದಳು.

ಯೋಶಿನೊಳ ಎಣಿಕೆ ಈಗ ದಿನದಿನಕ್ಕೆ ಏರುತ್ತಿತ್ತು. ಅರವತ್ತಾರು. ಎಪ್ಪತ್ತು. ಎಪ್ಪತ್ಮೂರು. ವಿಜಯಶ್ರೀ ಮೂರು ಸಲ ಫ್ರೌ ಲ್ಯೂಬ್ಕೆಯವರ ಕೋಣೆಯ ಬಾಗಿಲ ತನಕ ಹೋಗಿ ತಿರುಗಿ ಬಂದಳು. ತಪ್ಪು ಹೇಳಿದರೆ ಒಬ್ಬ ಮನುಷ್ಯನ ಬದುಕು ಹಾಳು. ಹೇಳದೆ ಇದ್ದರೆ ಒಬ್ಬ ಹೆಂಗಸಿನ ಪ್ರಾಣ.

ಆಗಸ್ಟ್ ಎರಡನೆಯ ಶನಿವಾರ, ಮಧ್ಯಾಹ್ನ ಮೂರರ ಆಟ. ಗಾಜಿನ ಮುಂದೆ ನೂರೈವತ್ತು ಜನ. ಯೋಶಿನೊ ಇಳಿದಳು. ಚಿಪ್ಪು ಹೆಕ್ಕಿ, ಹಗ್ಗ ಎರಡು ಸಲ ಜಗ್ಗಿದಳು. ಹಗ್ಗ ಸಡಿಲವಾಗಿಯೇ ಇತ್ತು. ಅವಳು ಮತ್ತೆ ಜಗ್ಗಲಿಲ್ಲ. ತಳದ ಕಲ್ಲೊಂದನ್ನು ಹಿಡಿದುಕೊಂಡು, ಮುಖ ಮೇಲೆತ್ತಿ, ದೋಣಿಯ ಅಡಿಯನ್ನು ನೋಡುತ್ತಾ ಸುಮ್ಮನೆ ಇದ್ದುಬಿಟ್ಟಳು. ಗಡಿಯಾರ ಅರವತ್ತೈದು ದಾಟಿತು. ಜನ ಮೊದಲು ಚಪ್ಪಾಳೆ ತಟ್ಟಿದರು, ಆಮೇಲೆ ನಿಲ್ಲಿಸಿದರು. ಎಪ್ಪತ್ತೈದು. ವಿಜಯಶ್ರೀ ಮೆಟ್ಟಿಲೇರಿ ಮೇಲಕ್ಕೆ ಓಡಿದಳು. ದೋಣಿಯಲ್ಲಿ ಶಿಗೆರು ಹಗ್ಗವನ್ನು ಎರಡೂ ಕೈಯಲ್ಲಿ ಹಿಡಿದು ನೀರನ್ನೇ ದಿಟ್ಟಿಸುತ್ತಿದ್ದ. ಎಳೆಯಿರಿ ಎಂದು ಅವಳು ಕನ್ನಡದಲ್ಲೇ ಕೂಗಿದಳು. ಅವನು ಬೆಚ್ಚಿಬಿದ್ದು ಎಳೆಯತೊಡಗುವಷ್ಟರಲ್ಲಿ ಯೋಶಿನೊ ನಡುವಿನ ಗಂಟು ಬಿಚ್ಚಿ ತಾನೇ ಈಜಿಕೊಂಡು ಮೇಲೆ ಬಂದಳು. ಅವನ ಕೈಗೆ ಬಂದದ್ದು ಬರೀ ಹಗ್ಗ. ಮೇಲೆ ಬಂದ ಕೂಡಲೇ ಮುತ್ತಿನವರು ಉಸಿರನ್ನು ಶಿಳ್ಳೆಯ ಹಾಗೆ ಬಿಡುತ್ತಾರೆ. ಆವತ್ತು ಆ ಶಿಳ್ಳೆ ಬರಲಿಲ್ಲ, ಕೆಮ್ಮು ಬಂತು. ಗಡಿಯಾರ ಎಂಬತ್ತೆರಡರಲ್ಲಿ ನಿಂತಿತ್ತು.

ಫ್ರೌ ಲ್ಯೂಬ್ಕೆ ಉಳಿದ ಆಟ ನಿಲ್ಲಿಸಿದರು. ಸಾಯೊ ಎಲ್ಲರಿಗೂ ಕೇಳುವಂತೆ, ಅವನು ಬೇಕೆಂದೇ ಮಾಡಿದ, ನಮ್ಮೂರಿನವರಿಗೆ ಮೊದಲೇ ಗೊತ್ತಿತ್ತು ಎಂದು ಅತ್ತಳು. ಫ್ರೌ ಲ್ಯೂಬ್ಕೆ ವಿಜಯಶ್ರೀಯನ್ನು ಬದಿಗೆ ಕರೆದು, ಈ ಬೇಸಿಗೆಯ ಎಲ್ಲ ಎಣಿಕೆಯನ್ನೂ ಒಂದು ಗಂಟೆಯೊಳಗೆ ಕಾಗದದ ಮೇಲೆ ಕೊಡಲು ಹೇಳಿದರು. ಪೊಲೀಸರನ್ನು ಕರೆಯಬೇಕೋ ಬೇಡವೋ ಎಂದು ಅದನ್ನು ನೋಡಿ ತೀರ್ಮಾನಿಸುತ್ತೇನೆ ಎಂದರು.

ಕಾಗದ ಅಚ್ಚಾಗಿ ಹೊರಬಂತು. ಅದನ್ನು ಮಡಚಿ ಹಿಡಿದುಕೊಂಡು ವಿಜಯಶ್ರೀ ಮೊದಲು ಹೋದದ್ದು ಮನೆಗೆ. ಕೆಳಗಿನ ಅಡುಗೆಮನೆಯಲ್ಲಿ ಶಿಗೆರು ಒಬ್ಬನೇ ಇದ್ದ. ಯೋಶಿನೊಗೆಂದು ಚಹಾಕ್ಕೆ ನೀರಿಟ್ಟಿದ್ದ. ಅವಳು ಕಾಗದವನ್ನು ಮೇಜಿನ ಮೇಲೆ ಬಿಡಿಸಿಟ್ಟು, ಇದಕ್ಕೆ ನೀವೇ ಉತ್ತರ ಹೇಳಬೇಕು ಎಂದಳು. ಅವನು ಒಲೆಯ ಕಡೆ ತಿರುಗಿದ. ಕಬ್ಬಿಣದ ಕೆಟಲಿನ ಹಿಡಿ ಬಟ್ಟೆಯಿಲ್ಲದೆ ಮುಟ್ಟುವ ಹಾಗಿರಲಿಲ್ಲ. ಅವನು ಬರಿಗೈಯಲ್ಲಿ ಅದನ್ನು ಎತ್ತಿದ. ಎತ್ತಿ, ನಿಧಾನವಾಗಿ ಬಟ್ಟಲಿಗೆ ನೀರು ಹಾಕಿ, ಮತ್ತೆ ಕೆಳಗಿಟ್ಟ. ಕೈ ಬಿಟ್ಟಾಗ ಹೆಬ್ಬೆರಳು ಮತ್ತು ಅದರ ಪಕ್ಕದ ಎರಡು ಬೆರಳಿನ ಚರ್ಮ ಬೆಳ್ಳಗೆ ಎದ್ದಿತ್ತು. ಅವನಿಗೆ ಗೊತ್ತೇ ಆಗಿರಲಿಲ್ಲ.

ವಿಜಯಶ್ರೀ ಅವನ ಕೈ ಹಿಡಿದೆಳೆದು ತಣ್ಣೀರಿನ ನಲ್ಲಿಯ ಕೆಳಗೆ ಇಟ್ಟಳು. ಗುಂಡಿ, ಜೇಬಿನಲ್ಲಿಟ್ಟ ಕೈ, ದೀಪ, ಎಲ್ಲವೂ ಒಮ್ಮೆಲೇ ಅರ್ಥವಾಯಿತು. ಎಷ್ಟು ದಿನದಿಂದ ಎಂದು ಕೇಳಿದಳು. ಎರಡು ವರ್ಷದಿಂದ ಎಂದ. ಮೊದಲು ಮುಳ್ಳು ಚುಚ್ಚಿದ ಹಾಗೆ ಆಗುತ್ತಿತ್ತು, ಈ ಬೇಸಿಗೆಯಲ್ಲಿ ಅದೂ ಹೋಯಿತು. ಹಗ್ಗ ಕೈಯಲ್ಲಿದೆಯೋ ಇಲ್ಲವೋ ಎಂದು ಕಣ್ಣಿನಿಂದ ನೋಡಿಯೇ ತಿಳಿಯಬೇಕು. ಹೇಳಿದರೆ ಹಗ್ಗ ಬೇರೆಯವರ ಕೈಗೆ ಹೋಗುತ್ತದೆ ಎಂಬ ಭಯಕ್ಕೆ ಯೋಶಿನೊಗೆ ಹೇಳಲಿಲ್ಲ. ಅದೊಂದು ಕೆಲಸವಲ್ಲದೆ ಅವಳ ಹತ್ತಿರ ತಾನು ಯಾವುದಕ್ಕೂ ಬೇಕಾದವನಲ್ಲ ಎಂದ.

ಬಾಗಿಲಲ್ಲಿ ಯೋಶಿನೊ ನಿಂತಿದ್ದಳು. ಒದ್ದೆ ಕೂದಲಿಗೆ ಟವೆಲ್ ಸುತ್ತಿಕೊಂಡು, ನಲ್ಲಿಯ ಕೆಳಗೆ ವಿಜಯಶ್ರೀಯ ಕೈಯಲ್ಲಿದ್ದ ಗಂಡನ ಕೈಯನ್ನು ನೋಡುತ್ತಿದ್ದಳು. ವಿಜಯಶ್ರೀ ಕೈ ಬಿಡಲಿಲ್ಲ. ಬಿಟ್ಟರೆ ಅದಕ್ಕೆ ಬೇರೆಯೇ ಅರ್ಥ ಬರುತ್ತದೆ ಎನ್ನಿಸಿತು. ತನಗೆ ಬಂದ ಜರ್ಮನ್‌ನಲ್ಲಿ, ಅವರ ಕೈಗೆ ಸ್ಪರ್ಶವೇ ಇಲ್ಲ, ಹಗ್ಗ ಜಗ್ಗಿದ್ದು ತಿಳಿಯುವುದಿಲ್ಲ, ಅದಕ್ಕೇ ನನ್ನ ಹತ್ತಿರ ದೀಪ ಕೇಳಲು ಬರುತ್ತಿದ್ದರು ಎಂದಳು.

“ಗೊತ್ತು,” ಎಂದಳು ಯೋಶಿನೊ. “ಎರಡು ವರ್ಷದಿಂದ ಗೊತ್ತು. ಇಪ್ಪತ್ತನಾಲ್ಕು ವರ್ಷ ಈ ಹಗ್ಗದಲ್ಲಿ ಮುಳುಗಿದ್ದೇನೆ. ಆ ತುದಿಯಲ್ಲಿ ಏನಾಗುತ್ತಿದೆ ಎಂದು ನನಗೆ ಗೊತ್ತಾಗುವುದಿಲ್ಲವೇ? ಅವನು ಎಳೆಯದಿದ್ದರೆ ನಾನೇ ಮತ್ತೆ ಮತ್ತೆ ಜಗ್ಗುತ್ತಿದ್ದೆ. ಅವನೇ ಹೇಳಲಿ ಎಂದು ಕಾಯುತ್ತಿದ್ದೆ.”

ಶಿಗೆರು ನಲ್ಲಿಯ ಕಡೆ ತಿರುಗಿಕೊಂಡೇ ನಿಂತಿದ್ದ.

“ನನಗೆ ಹೇಳಲಿಲ್ಲ. ನಿಮ್ಮ ಹತ್ತಿರ ಬಂದ,” ಎಂದಳು ಯೋಶಿನೊ. “ಆಮೇಲೆ ನಾನು ಕೂಡಲೇ ಮತ್ತೆ ಜಗ್ಗುವುದನ್ನು ನಿಲ್ಲಿಸಿದೆ. ದಿನಾ ಸ್ವಲ್ಪ ಹೆಚ್ಚು ಕಾದೆ. ಇವತ್ತು ಪೂರ್ತಿ ಕಾಯುತ್ತೇನೆ ಎಂದುಕೊಂಡು ಇಳಿದೆ.”

ವಿಜಯಶ್ರೀ ಮೇಜಿನ ಮೇಲಿದ್ದ ಕಾಗದವನ್ನು ನೋಡಿದಳು. ಅರವತ್ತರ ತನಕದ ಎಣಿಕೆ ಅವನ ಕೈಯದು. ಆಮೇಲಿನದೆಲ್ಲ ಯೋಶಿನೊಳದು. ಯಂತ್ರ ಒಂದು ಸೆಕೆಂಡೂ ತಪ್ಪು ಬರೆದಿರಲಿಲ್ಲ. ಅದನ್ನು ಓದಿದವಳು ತಪ್ಪಾಗಿ ಓದಿದ್ದಳು. ಆಮೇಲೆ ಗಂಡಹೆಂಡತಿ ತಮ್ಮ ಭಾಷೆಯಲ್ಲಿ ಮಾತಾಡತೊಡಗಿದರು. ಅವಳು ಹೊರಗೆ ಬಂದಳು.

ಫ್ರೌ ಲ್ಯೂಬ್ಕೆಯವರಿಗೆ ಕಾಗದ ಕೊಡುವಾಗ ಜೊತೆಗೆ ಯೋಶಿನೊಳೇ ಬಂದು ನಡೆದದ್ದನ್ನು ಹೇಳಿದಳು. ಪೊಲೀಸರ ಮಾತು ಅಲ್ಲಿಗೆ ನಿಂತಿತು. ಆದರೆ ಡಾಕ್ಟರಿಗೆ ಕೈ ತೋರಿಸಿ ಬರುವ ತನಕ ಶಿಗೆರು ಹಗ್ಗ ಮುಟ್ಟುವಂತಿಲ್ಲ ಎಂದರು. ಕೀಲ್ ಪಟ್ಟಣದಲ್ಲಿ ಮೂವತ್ತು ವರ್ಷದಿಂದ ನೆಲೆಸಿದ್ದ ಡಾಕ್ಟರ್ ಕಲ್ಯಾಣಿ ಎಂಬುವರು ವಿಜಯಶ್ರೀಗೆ ಯುಗಾದಿಯ ಊಟದಲ್ಲಿ ಪರಿಚಯವಾಗಿದ್ದರು. ಅವರ ಹತ್ತಿರ ಕರೆದುಕೊಂಡು ಹೋದಳು. ವರ್ಷಗಟ್ಟಲೆ ಹಗ್ಗ ಎಳೆದು ಮಣಿಕಟ್ಟಿನೊಳಗೆ ನರ ಒತ್ತಿಹೋಗಿದೆ, ಎರಡೂ ಕೈಗೆ ಆಪರೇಷನ್ ಬೇಕು, ಪೂರ್ತಿ ಸ್ಪರ್ಶ ಬರುತ್ತದೆಂದು ಹೇಳಲಾರೆ ಎಂದರು ಡಾಕ್ಟರ್. ಹೊರಗೆ ಬಂದ ಮೇಲೆ ಅವರು ಕನ್ನಡದಲ್ಲಿ, ಇಷ್ಟು ದಿನ ಹೆಂಡತಿ ಹೇಗೆ ಸುಮ್ಮನಿದ್ದಳು ಎಂದು ಕೇಳಿದರು. “ಸುಮ್ಮನಿರಲಿಲ್ಲ ಮೇಡಂ,” ಎಂದಷ್ಟೇ ಹೇಳಿದಳು ವಿಜಯಶ್ರೀ.

ಆ ಗದ್ದಲ ಇಳಿಯುವ ಮೊದಲೇ ಶೈಲೇಶ ಬಂದ, ಹೇಳದೆ ಕೇಳದೆ, ಮುಂದಿನ ಭಾನುವಾರದ ರೈಲಿಗೆ. ವಿಜಯಶ್ರೀ ಅವನನ್ನು ಮೊದಲು ಕಂಡದ್ದು ಪಂಪಿನ ಕೋಣೆಯ ಕಿಟಕಿಯಿಂದ. ಟಿಕೆಟ್ ಕಿಂಡಿಯ ಮುಂದೆ ನಿಂತು, ಆವತ್ತು ಟಿಕೆಟ್ ಕೊಡಲು ಕೂತಿದ್ದ ಡಿರ್ಕ್ ಹತ್ತಿರ, ಇಲ್ಲಿ ಕೆಲಸ ಮಾಡುವ ಇಂಡಿಯನ್ ಹುಡುಗಿ ಯಾರ ಜೊತೆ ಓಡಾಡುತ್ತಾಳೆ ಎಂದು ಕೇಳುತ್ತಿದ್ದ. ಡಿರ್ಕ್ ಅರ್ಥವಾಗದವನಂತೆ ಎರಡು ಸಲ ಕೇಳಿಸಿಕೊಂಡು, ಅವಳನ್ನೇ ಕೇಳಿ ಎಂದು ಕೈ ತೋರಿಸಿದ.

ಇಬ್ಬರೂ ಬಂದರಿನ ಕಟ್ಟೆಯ ಮೇಲೆ ಕೂತರು. ಅವಳು ಈ ಸಲ ಏನನ್ನೂ ಬಿಡದೆ ಹೇಳಿದಳು. ದೀಪ, ಕೊಟ್ಟ ಮಾತು, ನಲ್ಲಿಯ ಕೆಳಗೆ ಹಿಡಿದ ಕೈ. ಅವನು ಪೂರ್ತಿ ಕೇಳಿದ.

“ಖರೇನ ಇದ್ದಿರಬೇಕು,” ಎಂದ. “ಆದ್ರ ಮೊದಲ ಯಾಕ ಹೇಳಲಿಲ್ಲ? ನೀ ಮುಚ್ಚಿಟ್ಟಿ, ಅದಕ್ಕ ನನಗ ಸಂಶೆ ಬಂತು.”

ಅದು ಸುಳ್ಳಲ್ಲ ಎಂದು ಅವಳಿಗೆ ಗೊತ್ತಿತ್ತು. ಯೋಶಿನೊ ಹೇಳಿದ್ದೂ ಅದನ್ನೇ. ಸ್ವಲ್ಪ ಹೊತ್ತು ಅವಳ ಮನಸ್ಸು ಅವನ ಕಡೆಗೇ ವಾಲಿತು. ಆಗ ಅವನು, ಇರಲಿ, ಆದದ್ದಾತು, ಪಾಸ್‌ವರ್ಡ್ ಒಂದು ಬರೆದುಕೊಡು, ನನ್ನ ಮನಸ್ಸಿಗೆ ಸಮಾಧಾನ ಆಗತದ ಎಂದ. ಜೇಬಿನಿಂದ ಪೆನ್ನೂ ತೆಗೆದ.

“ಶೈಲೇಶ, ನೀ ನನ್ನ ಕೇಳಾಕ ಬಂದಿದ್ರ ನಾ ಎಲ್ಲಾ ಕೊಡ್ತಿದ್ದೆ,” ಎಂದಳು. “ನೀ ಕಿಂಡ್ಯಾಗ ಕುಂತವನ್ನ ಕೇಳಾಕ ಬಂದಿ.”

ಅವನು ಸಂಜೆಯ ರೈಲಿಗೆ ಹೊರಟ. ನಿಲ್ದಾಣದ ತನಕ ಅವಳೂ ಹೋದಳು. ಇಬ್ಬರೂ ಹವೆಯ ಬಗ್ಗೆ, ಅವನ ತಂಗಿಯ ಪರೀಕ್ಷೆಯ ಬಗ್ಗೆ ಮಾತಾಡಿದರು. ನಿಶ್ಚಯದ ಉಂಗುರವನ್ನು ಅವಳು ಎರಡು ವಾರದ ಮೇಲೆ ರಿಜಿಸ್ಟರ್ಡ್ ಪೋಸ್ಟಿನಲ್ಲಿ ಕಳಿಸಿದಳು. ಗದಗಿನಲ್ಲಿ ಇದರಿಂದ ದೊಡ್ಡ ಗಲಾಟೆಯಾಯಿತು. ಹುಡುಗಿಗೆ ಅಲ್ಲಿ ಯಾರೋ ಇದ್ದಾರೆ ಎಂದು ಎರಡೂ ಮನೆಯವರು ಒಂದೇ ಬಾಯಲ್ಲಿ ಹೇಳಿದರು. ತಾಯಿ ಸಾವಿತ್ರವ್ವ ಮೂರು ತಿಂಗಳು ಮಗಳ ಹತ್ತಿರ ಫೋನಿನಲ್ಲಿ ಹೂಂ, ಊಹೂಂ ಬಿಟ್ಟು ಬೇರೆ ಮಾತಾಡಲಿಲ್ಲ.

ದೀಪವನ್ನು ವಿಜಯಶ್ರೀ ಆ ಚಳಿಗಾಲದಲ್ಲಿ ಮಾಡಿಕೊಟ್ಟಳು, ಯೋಶಿನೊಳ ಎದುರಿಗೇ ಕೂತು. ಎಲ್ಲಿ ಇಡಬೇಕು, ಯಾವ ಬಣ್ಣ, ಎಷ್ಟು ಜೋರಾಗಿ ಜಗ್ಗಿದರೆ ಹೊತ್ತಬೇಕು, ಎಲ್ಲವನ್ನೂ ಹೇಳಿದವಳು ಯೋಶಿನೊಳೇ. ಶಿಗೆರುವಿನ ಬಲಗೈಗೆ ಅರ್ಧ ಸ್ಪರ್ಶ ಮರಳಿತು, ಎಡಗೈಗೆ ಇಲ್ಲ. ಮುಂದಿನ ಎರಡು ಬೇಸಿಗೆ ಅವನೇ ಹಗ್ಗ ಹಿಡಿದ. ಗಂಡಹೆಂಡತಿ ಆ ಮೇಲೆ ಮೊದಲಿನಂತಾದರು ಎಂದು ವಿಜಯಶ್ರೀ ಯಾರಿಗೂ ಹೇಳಲಾರಳು. ಯೋಶಿನೊ ಈಗ ಐವತ್ತು ಸೆಕೆಂಡಿಗೇ ಮೇಲೆ ಬರುತ್ತಿದ್ದಳು, ದೀಪ ಹೊತ್ತಿದರೂ ಅರ್ಧ ದಾರಿ ತಾನೇ ಈಜಿಕೊಂಡು. ಆದರೆ ಒಂದು ಬೆಳಿಗ್ಗೆ ಅಡುಗೆಮನೆಯಲ್ಲಿ ಅವಳು ಮಾತಿಲ್ಲದೆ ಅವನ ಅಂಗಿಯ ಗುಂಡಿ ಹಾಕುತ್ತಿದ್ದುದನ್ನು, ಅವನು ಮಗುವಿನ ಹಾಗೆ ಗದ್ದ ಎತ್ತಿಕೊಂಡು ನಿಂತದ್ದನ್ನು ವಿಜಯಶ್ರೀ ಕಂಡಿದ್ದಳು. ಎರಡು ಸಾವಿರದ ನಾಲ್ಕರ ಕೊನೆಗೆ ಜನ ಕಡಿಮೆಯಾಗಿ ಪೆರ್ಲೆನ್‌ಹೌಸ್ ಮುಚ್ಚಿದಾಗ ಇಬ್ಬರೂ ಊರಿಗೆ ಮರಳಿದರು. ಸಾಯೊ ಡ್ಯುಸೆಲ್‌ಡಾರ್ಫಿನ ಒಂದು ಜಪಾನಿ ಹೋಟೆಲು ಸೇರಿದಳು.

ವಿಜಯಶ್ರೀ ಹೊಸ ಕಾಯಿದೆಯಲ್ಲಿ ಜರ್ಮನಿಯಲ್ಲೇ ಉಳಿಯುವ ಅನುಮತಿ ಪಡೆದು, ರೋಸ್ಟಾಕ್‌ನಲ್ಲಿ ನೀರು ಶುದ್ಧಮಾಡುವ ಯಂತ್ರಗಳ ಕಂಪನಿಯೊಂದಕ್ಕೆ ಸೇರಿದಳು. ಮರುಬೇಸಿಗೆ ಸಾವಿತ್ರವ್ವ ಮೊದಲ ಸಲ ವಿಮಾನ ಹತ್ತಿ ಬಂದರು. ಬಂದ ಎರಡನೆಯ ದಿನ ಮಗಳು ಸ್ನಾನಕ್ಕೆ ಹೋದಾಗ ಅವರು ಬಾಗಿಲ ಪಕ್ಕದ ಗೂಡಿನಿಂದ ಚಪ್ಪಲಿಗಳನ್ನು ಒಂದೊಂದಾಗಿ ತೆಗೆದು ನೋಡುತ್ತಿದ್ದರು, ಗಂಡಸರ ಬೂಟು ಇದೆಯೇ ಎಂದು. ಹೊರಗೆ ಬಂದ ವಿಜಯಶ್ರೀ ಅದನ್ನು ನೋಡಿದಳು. ಸಿಟ್ಟು ಬರುತ್ತದೆ ಎಂದುಕೊಂಡಳು, ಬರಲಿಲ್ಲ. ತಾಯಿಯ ಪಕ್ಕ ನೆಲದ ಮೇಲೆಯೇ ಕೂತು, ಬಟಾಣಿ ಸುಲಿಯುವ ಬುಟ್ಟಿ ಮುಂದಿಟ್ಟುಕೊಂಡು, ಗ್ರೌಹಾಗನ್ನಿನಲ್ಲಿ ನಡೆದದ್ದನ್ನು ಮೊದಲಿನಿಂದ ಹೇಳಿದಳು.

ಸಾವಿತ್ರವ್ವ ನಡುವೆ ಒಂದೂ ಪ್ರಶ್ನೆ ಹಾಕಲಿಲ್ಲ. ಮುಗಿದ ಮೇಲೆ, “ಇದನ್ನ ಆವಾಗ ನನಗ ಹೇಳಿದ್ರ ಆಗತಿತ್ತಲ್ಲ,” ಎಂದರು.

“ಕೇಳಿದ್ರ ಹೇಳತಿದ್ದೆ, ಅವ್ವಾ.”

ತಾಯಿ ಸುಲಿದ ಬಟಾಣಿಯನ್ನು ತೊಳೆಯಲು ಎದ್ದರು. ಎದ್ದವರು ಗೂಡಿನಿಂದ ತೆಗೆದಿಟ್ಟ ಚಪ್ಪಲಿಗಳನ್ನು ಮೊದಲು ಜೋಡಿ ಜೋಡಿಯಾಗಿ ಒಳಗಿಟ್ಟರು.